ಛಾಯಾಗ್ರಾಹಕ ಮೂರ್ತಿಯವರ ಕಲೆ: ಒಂದು ವಿಚಾರ

ಕಳೆದ ತಿಂಗಳು ಕೇಶ್ವಾಪುರದಲ್ಲಿ ಕೂಡಿದ ನಮ್ಮ ಸಂಘದ ಬೈಠಕಿನಲ್ಲಿ ಗುರುದತ್ತರ ‘ಕಾಗಜ್ ಕೆ ಫೂಲ್’ ಎಂಬ ಹಿಂದೀ ಚಿತ್ರಪಟವನ್ನು, ಗೋಡೆಗೆ ಬಿಳಿಯ ಅರಿವೆ ಕಟ್ಟಿ ತೋರಿಸಲಾಯಿತು. ಪಟವು ಮುಗಿದು ಚಹಾ ಬರುವಷ್ಟರಲ್ಲಿಯೇ ವಾದವು ಆರಂಭವಾಯಿತು. ಇದರ ಛಾಯಾಗ್ರಾಹಕರಾದ ಶ್ರೀ ವಿ. ಕೆ. ಮೂರ್ತಿಯವರು ಮೈಸೂರಿನವರೆಂದೂ, ಅವರನ್ನು ಕವಿಗಳ ಪಂಕ್ತಿಯಲ್ಲಿ ಕೂಡ್ರಿಸಬೇಕೆಂದೂ ನಾನು ಅಂದುಬಿಟ್ಟೆನು. ಆಗ ನಮ್ಮೊಳಗಿನ ಹಿರಿಯರೊಬ್ಬರು, ಕಾವ್ಯದಲ್ಲಿ ನನಗಿಂತ ಹೆಚ್ಚು ನುರಿತವರು, “ಮಾಸ್ತರರೇ, ಕಥೆ ಒಬ್ಬರದು, ಹಾಡು ಒಬ್ಬರದು, ಅಭಿನಯ ಮತ್ತೊಬ್ಬರದು. ಯಂತ್ರ ಹಿಡಿದು ನಿಂತವನಿಗೆ ಕವಿಯೆಂಬ ಪದವಿಯೇ? ನಾಳೆ ತಾವು ವೀಣೆ ಮಾಡಿದ ಬಡಿಗನನ್ನೂ ವೈಣಿಕನೆಂದು ಕರೆದಾರು” ಎಂದರು. ಎಲ್ಲರೂ ನಕ್ಕರು; ನಾನೂ ನಕ್ಕೆನು. ಆದರೆ ಉತ್ತರವು ಆ ಹೊತ್ತಿಗೆ ಬಾಯಿಗೆ ಬರಲಿಲ್ಲ. ಮನೆಗೆ ಬಂದ ಮೇಲೆ ಹೊಳೆದುದನ್ನು ಈ ಪತ್ರಿಕೆಯ ವಾಚಕರ ಮುಂದೆ ಇಡುತ್ತಿರುವೆನು. ಆ ಹಿರಿಯರೂ ಇದನ್ನು ಓದುವರೆಂದು ಬಲ್ಲೆನು.

ಮೊದಲು ಹೆಸರಿನಿಂದಲೇ ಹೊರಡೋಣ. ಪಾಠಶಾಲೆಯಲ್ಲಿ ಕಲಿತವನಿಗೆ ಶಬ್ದದ ಬೆನ್ನುಹತ್ತುವ ಚಟವು ಬಿಡದು. ರಾಮಾಯಣದಲ್ಲಿ ಛಾಯೆಯನ್ನು ಹಿಡಿಯುವ ಶಕ್ತಿಯು ಸಿಂಹಿಕೆಯೆಂಬ ರಾಕ್ಷಸಿಯದು. ಸಮುದ್ರದ ಮೇಲೆ ಹಾರುತ್ತಿದ್ದ ಹನುಮಂತನ ನೆರಳನ್ನು ಹಿಡಿದು ಅವಳು ಆತನನ್ನೇ ತಡೆದಳು. ನೆರಳನ್ನು ಹಿಡಿದರೆ ನೆರಳಿನ ಒಡೆಯನೂ ಸಿಕ್ಕುವನೆಂಬ ಈ ಕಲ್ಪನೆಯು ನಮ್ಮ ಇಂದಿನ ಛಾಯಾಗ್ರಾಹಕರಿಗೆ ಎಷ್ಟು ಒಪ್ಪುವದೆಂಬುದನ್ನು ವಿಸ್ತರಿಸಬೇಕಾಗಿಲ್ಲ. ಇನ್ನೊಂದು ಮಾತು. ಸಂಸ್ಕೃತದಲ್ಲಿ ‘ಛಾಯಾ’ ಎಂದರೆ ನೆರಳೂ ಅಹುದು, ಕಾಂತಿಯೂ ಅಹುದು. ಪರಸ್ಪರ ವಿರುದ್ಧವಾದ ಎರಡು ಅರ್ಥಗಳನ್ನು ಒಂದೇ ಶಬ್ದದಲ್ಲಿಟ್ಟ ಹಿರಿಯರ ಜಾಣತನವು ನನಗೆ ಮನವರಿಕೆಯಾದುದು ಯಾವ ಕೋಶದಿಂದಲೂ ಅಲ್ಲ, ಮೂರ್ತಿಯವರ ಚಿತ್ರಗಳಿಂದ.

ಅವರ ಚರಿತ್ರೆಯನ್ನು ಸಂಕ್ಷೇಪವಾಗಿ ಹೇಳುವೆನು. ವೆಂಕಟರಾಮ ಪಂಡಿತ ಕೃಷ್ಣಮೂರ್ತಿಯವರು 1923ರ ನವೆಂಬರ 26ರಂದು ಮೈಸೂರಿನಲ್ಲಿ ಹುಟ್ಟಿದರು. ಎಳೆಯ ವಯಸ್ಸಿನಲ್ಲಿ ಪಿಟೀಲು ಕಲಿತರು. ಸ್ವಾತಂತ್ರ್ಯದ ಚಳವಳಿಯಲ್ಲಿ ಸೆರೆಮನೆಯನ್ನೂ ಕಂಡರು. ಬೆಂಗಳೂರಿನಲ್ಲಿ ಮುಂದೆ ಶ್ರೀ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್ ಎಂದು ಹೆಸರಾದ ಸಂಸ್ಥೆಯಲ್ಲಿ ಛಾಯಾಗ್ರಹಣವನ್ನು ಅಭ್ಯಾಸಮಾಡಿ 1946ರಲ್ಲಿ ಡಿಪ್ಲೊಮಾ ಪಡೆದು ಮುಂಬಯಿಗೆ ಹೋದರು. ಅಲ್ಲಿ ಫಲಿ ಮಿಸ್ತ್ರಿಯವರನ್ನು ಗುರುವೆಂದು ಎಣಿಸಿದರು. 1951ರ ‘ಬಾಜಿ’ ಎಂಬ ಪಟದಲ್ಲಿ ಅವರು ವಿ. ರಾತ್ರಾ ಎಂಬವರ ಕೈಕೆಳಗಿನ ಸಹಾಯಕರು ಮಾತ್ರ. ಗುರುದತ್ತರು ನಿರ್ದೇಶಿಸಿದ ಮೊದಲನೆಯ ಪಟವೂ ಅದೇ. ಒಂದು ಹಾಡಿನಲ್ಲಿ, ಕನ್ನಡಿಯೊಳಗಿನ ಪ್ರತಿಬಿಂಬದಿಂದ ಹೊರಟು ಕ್ಯಾಮರಾವು ತಡೆಯಿಲ್ಲದೆ ಚಲಿಸುವಂಥ ದೃಶ್ಯವನ್ನು ಹೀಗೆ ಹಿಡಿಯಬಹುದೆಂದು ಈ ಸಹಾಯಕರು ಸೂಚಿಸಿದರು, ಹಿಡಿದೂ ತೋರಿಸಿದರು. ಗುರುದತ್ತರ ಕಣ್ಣಿಗೆ ಬೀಳಲು ಅಷ್ಟು ಸಾಕಾಯಿತು. ಮರುವರುಷ ‘ಜಾಲ್’ ಪಟಕ್ಕೆ ಮೂರ್ತಿಯವರೇ ಸ್ವತಂತ್ರ ಛಾಯಾಗ್ರಾಹಕರಾದರು. ಗುರುದತ್ತ ಪಡುಕೋಣೆಯವರು ಹುಟ್ಟಿದುದೂ ಬೆಂಗಳೂರಿನಲ್ಲಿಯೇ. ಅಂದಮೇಲೆ ಹಿಂದೀ ಚಿತ್ರಪಟದ ಈ ಜೋಡಿಯ ಎರಡೂ ಬೇರುಗಳು ನಮ್ಮ ನೆಲದಲ್ಲಿದ್ದವು. ‘ಆರ್ ಪಾರ್’ (1954), ‘ಪ್ಯಾಸಾ’ (1957), ‘ಕಾಗಜ್ ಕೆ ಫೂಲ್’ (1959), ‘ಸಾಹಿಬ್ ಬೀಬಿ ಔರ್ ಗುಲಾಮ್’ (1962), ಇವು ಆ ಜೋಡಿಯ ಫಲಗಳಲ್ಲಿ ಮುಖ್ಯವಾದವು.

ಈ ಕಲೆಯು ಮೂರ್ತಿಯವರಿಂದಲೇ ನಮ್ಮ ದೇಶದಲ್ಲಿ ಹುಟ್ಟಿತೆಂದು ಹೇಳಿದರೆ ಅದು ಅಭಿಮಾನದ ಮಾತಾದೀತು. ಅವರಿಗಿಂತ ಮೊದಲು ಮುಂಬಯಿಯ ‘ಬಾಂಬೇ ಟಾಕೀಜ್’ ಸಂಸ್ಥೆಯಲ್ಲಿ ಜೋಸೆಫ್ ವಿರ್ಶಿಂಗ್ ಎಂಬ ಜರ್ಮನರಿದ್ದರು. ಮ್ಯೂನಿಕ್ ನಗರದ ಈ ಛಾಯಾಗ್ರಾಹಕರು 1925ರ ‘ಪ್ರೇಮ ಸಂನ್ಯಾಸ’ವೆಂಬ ಬುದ್ಧಚರಿತ್ರೆಯ ಪಟಕ್ಕಾಗಿ ಹಿಂದುಸ್ತಾನಕ್ಕೆ ಬಂದರು, ಹಿಮಾಂಶು ರಾಯರ ಸಂಸ್ಥೆ ಸ್ಥಾಪಿತವಾದಾಗ ಮತ್ತೆ ಬಂದು 1936ರ ‘ಅಛೂತ್ ಕನ್ಯಾ’ ಮೊದಲಾದವುಗಳನ್ನು ಹಿಡಿದರು. 1939ರಲ್ಲಿ ಯುದ್ಧವು ಆರಂಭವಾದಾಗ ಶತ್ರುದೇಶದವರೆಂದು ಸರಕಾರವು ಅವರನ್ನು ಬಂಧನದಲ್ಲಿಟ್ಟಿತು. ಬಿಡುಗಡೆಯಾದ ಮೇಲೂ ಅವರು ಈ ದೇಶವನ್ನು ಬಿಡಲಿಲ್ಲ. 1949ರ ‘ಮಹಲ್’ ಅವರದೇ ಕೈಕೆಲಸ. 1967ರಲ್ಲಿ ತೀರಿಕೊಂಡಾಗ ‘ಪಾಕೀಜಾ’ ಪಟವು ಇನ್ನೂ ಮುಗಿದಿರಲಿಲ್ಲ. ಅದು ತೆರೆಗೆ ಬಂದುದು 1972ರಲ್ಲಿ. ‘ಮಹಲ್’ನ ಹಳೆಯ ಬಂಗಲೆ, ಅಲುಗುವ ದೀಪ, ಕಂಡೂ ಕಾಣದ ಹೆಣ್ಣು, ಇವನ್ನು ನೋಡಿದವರಿಗೆ ಕತ್ತಲೆಯೂ ಮಾತಾಡಬಲ್ಲದೆಂದು ತಿಳಿಯುವದು. ಜರ್ಮನರು ತಮ್ಮ ದೇಶದ ಮೂಕಪಟಗಳಲ್ಲಿ ಕಲಿತ ವಿದ್ಯೆಯಿದು. ಆದರೆ ಅವರ ಕತ್ತಲೆಗೂ ಮೂರ್ತಿಯವರ ಕತ್ತಲೆಗೂ ಒಂದು ಭೇದವುಂಟು. ‘ಮಹಲ್’ನಲ್ಲಿ ನೆರಳು ಭಯವನ್ನೂ ಕುತೂಹಲವನ್ನೂ ಹುಟ್ಟಿಸುವದು, ಅಲ್ಲಿ ಏನೋ ಅಡಗಿದೆಯೆಂದು ನಾವು ಎದುರುನೋಡುವೆವು. ಮೂರ್ತಿಯವರ ನೆರಳಿನಲ್ಲಿ ಏನೂ ಅಡಗಿಲ್ಲ. ಮನುಷ್ಯನು ಅದರಲ್ಲಿ ಕೂತುಕೊಂಡಿರುವನು, ಅಷ್ಟೇ. ಅದು ಅವನ ಮನೆಯೇ ಆಗಿದೆ.

ಈಗ ನಾವು ನೋಡಿದ ಪಟಕ್ಕೆ ಬರುವೆನು. ಹೆಂಡತಿಯಿಂದ ದೂರವಾದ ಒಬ್ಬ ನಿರ್ದೇಶಕ; ಅವನ ಪಟದಲ್ಲಿ ನಟಿಸುವ ಶಾಂತಿ ಎಂಬ ಯುವತಿ. ಇಬ್ಬರೂ ಬರಿದಾದ ಚಿತ್ರಶಾಲೆಯಲ್ಲಿ ದೂರ ದೂರ ನಿಂತಿರುವರು. ಗೀತಾ ದತ್ತರ ಹಾಡು ಕೇಳಿಬರುತ್ತದೆ; ಇವರಿಬ್ಬರ ತುಟಿಗಳೂ ಅಲುಗುವದಿಲ್ಲ. ಮೇಲಿನಿಂದ ಒಂದು ಬಿಸಿಲುಕೋಲು ಇಳಿದಿದೆ. ಅದರಲ್ಲಿ ಇಬ್ಬರ ಆಕೃತಿಗಳೂ ದೇಹಗಳನ್ನು ಬಿಟ್ಟು ಹೊರಟು ಒಂದನ್ನೊಂದು ಕೂಡುವವು. ದೇಹಗಳು ಮಾತ್ರ ನಿಂತಲ್ಲಿಯೇ ಉಳಿಯುವವು.

ಈ ಬಿಸಿಲುಕೋಲನ್ನು ಪಡೆದ ಬಗೆಯನ್ನು ಮೂರ್ತಿಯವರೇ ಅನೇಕ ಸಲ ಹೇಳಿರುವರು. ಚಿತ್ರಶಾಲೆಯ ವಿದ್ಯುದ್ದೀಪಗಳ ಬೆಳಕು ದೀಪದಿಂದ ದೂರ ಹೋದಂತೆ ಅಗಲವಾಗುತ್ತ ಹೋಗುವದು. ಸೂರ್ಯನು ಬಹುದೂರದಲ್ಲಿರುವದರಿಂದ ಅವನ ಕಿರಣಗಳು ನಮ್ಮಲ್ಲಿಗೆ ಸಮಾಂತರವಾಗಿ ಬರುವವು. ಆದಕಾರಣ ಎಷ್ಟು ದೊಡ್ಡ ದೀಪವಿಟ್ಟರೂ ನಿಜವಾದ ಬಿಸಿಲುಕೋಲು ಆಗದು. ಮೂರ್ತಿಯವರು ಮುಂಬಯಿಯ ಮೆಹಬೂಬ್ ಸ್ಟುಡಿಯೋದಲ್ಲಿ ಎರಡು ದೊಡ್ಡ ಕನ್ನಡಿಗಳನ್ನು ತರಿಸಿದರು. ಒಂದು ಹೊರಗೆ ಬಿಸಿಲನ್ನು ಹಿಡಿದು ಒಳಗೆ ಕಳಿಸಿತು. ಒಳಗೆ ಎತ್ತರದಲ್ಲಿಟ್ಟ ಇನ್ನೊಂದು ಅದನ್ನು ಕೆಳಕ್ಕೆ ತಿರುಗಿಸಿತು. ಕೋಲು ಕಣ್ಣಿಗೆ ಕಾಣುವಂತೆ ಹೊಗೆಯನ್ನು ಹಬ್ಬಿಸಿದರು. ನಾನು ಇದನ್ನು ನಂಬಿ ಸುಮ್ಮನಿರದೆ, ಕಳೆದ ರವಿವಾರ ಬೆಳಿಗ್ಗೆ ಮೊಮ್ಮಗನನ್ನು ಅಂಗಳದಲ್ಲಿ ಕನ್ನಡಿ ಹಿಡಿದು ನಿಲ್ಲಿಸಿ, ನಡುಮನೆಯಲ್ಲಿ ಇನ್ನೊಂದು ಕನ್ನಡಿಯನ್ನು ಕಪಾಟಿನ ಮೇಲೆ ಓರೆಯಾಗಿಟ್ಟು, ಲೋಬಾನದ ಹೊಗೆ ಹಾಕಿ ನೋಡಿದೆನು. ಎರಡು ನಿಮಿಷ ಕೋಲು ನಿಂತಿತು. ಆಮೇಲೆ ಹುಡುಗನ ಕೈ ನಡುಗಿ ಅದು ಗೋಡೆಯ ಮೇಲಿನ ದಿನದರ್ಶಿಕೆಗೆ ಹೋಯಿತು. ಮನೆಯವರಿಗೆ ಈ ಸಂಶೋಧನೆಯು ರುಚಿಸಲಿಲ್ಲ. ಆದರೆ ಒಂದು ಸಂಗತಿ ಸ್ಪಷ್ಟವಾಯಿತು. ಹೊಗೆಯಿಲ್ಲದಾಗ ಆ ಬೆಳಕು ನೆಲದ ಮೇಲೆ ಬಿದ್ದುದು ಮಾತ್ರ ಕಾಣುತ್ತಿತ್ತು, ನಡುವಿನ ದಾರಿಯು ಕಾಣುತ್ತಿರಲಿಲ್ಲ. ತರ್ಕವನ್ನು ಓದುವಾಗ ಗುರುಗಳು ತ್ರಸರೇಣುವೆಂದರೆ ಏನೆಂದು ಹೇಳಲು ಗವಾಕ್ಷದ ಬಿಸಿಲನ್ನೇ ತೋರಿಸುತ್ತಿದ್ದರು: ಕಣ್ಣಿಗೆ ಕಾಣುವ ಅತಿ ಸಣ್ಣ ಕಣವದು. ಕಣಕ್ಕೆ ಬೆಳಕು ಬೇಕು. ಬೆಳಕಿಗೂ ಕಣವು ಬೇಕು. ಮೂರ್ತಿಯವರನ್ನು ಕುರಿತು ಶ್ರೀಮತಿ ಉಮಾ ರಾವ್ ಅವರು ಬರೆದ ಕನ್ನಡ ಪುಸ್ತಕಕ್ಕೆ ‘ಬಿಸಿಲು ಕೋಲು’ ಎಂದೇ ಹೆಸರಿಟ್ಟಿರುವದು ಎಷ್ಟೊಂದು ಸಮಂಜಸ!

ಇಲ್ಲಿ ನಮ್ಮ ಹಿರಿಯರು, “ಇದು ಯುಕ್ತಿಯಾಯಿತು, ಕಾವ್ಯವೆಲ್ಲಿ?” ಎಂದು ಕೇಳುವರು. ಸರಿಯಾದ ಪ್ರಶ್ನೆಯೇ. ನಾಟ್ಯಶಾಸ್ತ್ರವು ಅಭಿನಯವನ್ನು ಆಂಗಿಕ, ವಾಚಿಕ, ಆಹಾರ್ಯ, ಸಾತ್ತ್ವಿಕವೆಂದು ನಾಲ್ಕಾಗಿ ವಿಂಗಡಿಸಿದೆ. ಬೆಳಕನ್ನು ಇವುಗಳಲ್ಲಿ ಎಲ್ಲಿಗೆ ಸೇರಿಸೋಣ? ಆಹಾರ್ಯಕ್ಕೆ, ಎಂದರೆ ವೇಷಭೂಷಣಗಳ ಸಾಲಿಗೆ ಸೇರಿಸುವವರು ಅದನ್ನು ಬಡಿಗನ ಕೆಲಸವೆಂದೇ ತಿಳಿದವರು. ನಾನೂ ಬಹುಕಾಲ ಹಾಗೆಯೇ ತಿಳಿದಿದ್ದೆನು. ಮೂವತ್ತು ವರುಷ ‘ಶಾಕುಂತಲ’ವನ್ನು ಪಾಠ ಹೇಳುವಾಗ, ದೃಶ್ಯಕಾವ್ಯವೆಂಬ ಹೆಸರು ಇದಕ್ಕೇ ಮೀಸಲು, ನಿಮ್ಮ ಚಿತ್ರಮಂದಿರದ ಸರಕಿಗಲ್ಲವೆಂದು ಹುಡುಗರನ್ನು ಗದರಿಸಿದ್ದೂ ಉಂಟು. ಅದು ತಪ್ಪಾಗಿತ್ತು. ವೇಷವನ್ನು ನಟನು ತೊಡುವನು. ಬೆಳಕು ನಟನ ಹೊರಗಿನದು. ಚಂದ್ರೋದಯ, ಉಪವನ, ಮಂದಾನಿಲಗಳನ್ನು ನಮ್ಮ ಆಲಂಕಾರಿಕರು ಉದ್ದೀಪನವಿಭಾವವೆಂದು ಕರೆದರಲ್ಲವೆ? ಇದ್ದ ಭಾವವನ್ನು ಅವು ಕೆರಳಿಸುವವು. ಈ ಬಿಸಿಲುಕೋಲು ಆ ಜಾತಿಯದು. ಅಷ್ಟೇ ಅಲ್ಲ. ಆನಂದವರ್ಧನನು ವಾಚ್ಯಕ್ಕೂ ವ್ಯಂಗ್ಯಕ್ಕೂ ಇರುವ ಸಂಬಂಧವನ್ನು ತಿಳಿಸಲು ದೀಪ ಮತ್ತು ಬೆಳಕಿನ ದೃಷ್ಟಾಂತವನ್ನೇ ತೆಗೆದುಕೊಂಡಿರುವನು. ದೀಪವು ಉಪಾಯ, ಬೆಳಕು ಗುರಿ. ‘ಕಾಗಜ್ ಕೆ ಫೂಲ್’ನ ಆ ದೃಶ್ಯದಲ್ಲಿ ಆಡಲಾಗದ ಮಾತು ಒಂದಿದೆ: ಇವರು ಕೂಡಲಾರರು, ಕೂಡದೆ ಇರಲೂ ಆರರು. ನಟನು ಅದನ್ನು ಮುಖದಿಂದ ಹೇಳಲಿಲ್ಲ. ಇಬ್ಬರ ಮುಖಗಳೂ ಬಹುಮಟ್ಟಿಗೆ ನಿಶ್ಚಲ. ಹಾಡು ಕಾಲವು ಮಾಡಿದ ಗಾಯವನ್ನು ಹೇಳಿತು, ಈ ಕೂಡುವಿಕೆಯನ್ನಲ್ಲ. ಅದನ್ನು ಹೇಳಿದುದು ಬೆಳಕೊಂದೇ. ಆ ಕೋಲನ್ನು ತೆಗೆದು, ಅದೇ ಶಾಲೆಯಲ್ಲಿ ಅದೇ ನಟರನ್ನು ಸಾಧಾರಣ ಬೆಳಕಿನಲ್ಲಿ ನಿಲ್ಲಿಸಿ ನೋಡಿರಿ: ಇಬ್ಬರು ಬೇಸತ್ತ ಮನುಷ್ಯರು ಕಾಣುವರು. ಯಾವ ಅಂಗವನ್ನು ತೆಗೆದರೆ ಅರ್ಥವೇ ಬಿದ್ದುಹೋಗುವದೋ ಅದನ್ನು ಮಾಡಿದವನು ಬಡಿಗನಲ್ಲ. ವೀಣೆಯು ಕೈಯಲ್ಲಿದ್ದೂ ಬಾರಿಸಿದವನು ಇವನೇ.

ಆ ಪಟವು ಸಿನೆಮಾಸ್ಕೋಪ್ ಎಂಬ ಅಗಲವಾದ ತೆರೆಯಲ್ಲಿ ತೆಗೆದ ಹಿಂದುಸ್ತಾನದ ಮೊದಲನೆಯದು. ಆ ಅಗಲವನ್ನು ವಿದೇಶದವರು ಯುದ್ಧ, ರಥ, ಜನಸಂದಣಿಗಳನ್ನು ತುಂಬಲು ಬಳಸುತ್ತಿದ್ದರು. ಮೂರ್ತಿಯವರು ಅದರಲ್ಲಿ ಬರಿದನ್ನು ತುಂಬಿದರು. ಇಬ್ಬರ ನಡುವಿನ ನೆಲವೇ ಅಲ್ಲಿ ವಿರಹ. ನಾವು ಅರಿವೆಯ ಮೇಲೆ ನೋಡಿದಾಗ ಎರಡೂ ಅಂಚುಗಳು ಕತ್ತರಿಸಿಹೋಗಿದ್ದವು. ಹಿರಿಯರ ಆಕ್ಷೇಪಕ್ಕೆ ನಮ್ಮ ಅರಿವೆಯೂ ಸ್ವಲ್ಪ ಕಾರಣವಾಗಿರಬಹುದು.

‘ಪ್ಯಾಸಾ’ದಲ್ಲಿ ಸತ್ತನೆಂದು ತಿಳಿದ ಕವಿಯು ತನ್ನದೇ ಸ್ಮಾರಕಸಭೆಗೆ ಬಂದು ಬಾಗಿಲಲ್ಲಿ ಕೈಚಾಚಿ ನಿಲ್ಲುವನು. ಬೆಳಕು ಹಿಂದಿನಿಂದ ಬರುತ್ತಿರುವದು. ಸಭೆಯವರಿಗೆ ಅವನ ಆಕೃತಿಯು ಕಾಣುವದು, ಮುಖವು ಕಾಣದು. ಬದುಕಿದ್ದಾಗ ಅವನ ಮುಖವನ್ನು ನೋಡದ ಜನಕ್ಕೆ ತಕ್ಕ ದರ್ಶನವೇ!

ಆದರೂ ನನ್ನ ಮೆಚ್ಚುಗೆಯ ಶಿಖರವು ‘ಸಾಹಿಬ್ ಬೀಬಿ ಔರ್ ಗುಲಾಮ್’. ನಿರ್ದೇಶಕರೆಂದು ಅದಕ್ಕೆ ಅಬ್ರಾರ್ ಅಲ್ವಿಯವರ ಹೆಸರಿದೆ. ಹವೇಲಿಯ ಕಿರಿಯ ಸೊಸೆಯು ಭೂತನಾಥನನ್ನು ಕರೆಕಳುಹಿಸುವಳು. ಹಳ್ಳಿಯ ಹುಡುಗನು ತಲೆಯೆತ್ತಲಾರನು. ಆದಕಾರಣ ನಮಗೂ ಮೊದಲು ಕಾಣುವದು ಹಾಸಿದ ಜಮಖಾನೆ, ಆಮೇಲೆ ಪಾದಗಳು. ಬಹಳ ಹೊತ್ತಿನ ಮೇಲೆ ಅವನು ಕಣ್ಣೆತ್ತಿದಾಗ ಮೀನಾಕುಮಾರಿಯವರ ಮುಖವು ಬೆಳಗುವದು. ಅದುವರೆಗೆ ತಡೆದು ಹಿಡಿದಿದ್ದರಿಂದಲೇ ಆ ಮುಖಕ್ಕೆ ಅಷ್ಟು ಕಾಂತಿ. ಅದೇ ಪಟದಲ್ಲಿ ಜಮೀನದಾರನ ಮುಂದೆ ನಡೆಯುವ ಕುಣಿತವೊಂದಿದೆ. ಮುಖ್ಯ ನರ್ತಕಿಯಾದ ಮಿನೂ ಮುಮ್ತಾಜರ ಮೇಲೆ ಮಾತ್ರ ಪೂರ್ಣ ಬೆಳಕು. ಜೊತೆಗೆ ಕುಣಿಯುವ ಹೆಣ್ಣುಮಕ್ಕಳೆಲ್ಲ ಹಾಡಿನ ಆದ್ಯಂತವೂ ನೆರಳಿನಲ್ಲಿಯೇ ಇರುವರು. ಆ ಜೊತೆಗಾತಿಯರ ಮುಖಗಳು ಗುರುದತ್ತರ ಮನಸ್ಸಿಗೆ ಬಾರದಿದ್ದುದೇ ಇದಕ್ಕೆ ಕಾರಣವೆಂದು ಹೇಳುವರು. ಇರಲಿ. ತೊಡಕಿನಿಂದ ಹುಟ್ಟಿದ ಉಪಾಯವು ಅರ್ಥವಾಗಿ ಪರಿಣಮಿಸಿತು. ಆ ಹವೇಲಿಯಲ್ಲಿ ಒಬ್ಬರು ಬೆಳಗಲು ಎಷ್ಟು ಜನರು ಕತ್ತಲೆಯಲ್ಲಿರಬೇಕೆಂಬುದು ಅದರಿಂದ ತಾನಾಗಿಯೇ ಹೊರಪಡುವದು. ಈ ಪಟಕ್ಕೂ, ‘ಕಾಗಜ್ ಕೆ ಫೂಲ್’ಗೂ ಅವರಿಗೆ ಫಿಲ್ಮ್‌ಫೇರ್ ಪ್ರಶಸ್ತಿಗಳು ದೊರೆತವು.

ದೋಷಗಳನ್ನು ಹೇಳದೆ ಹೊಗಳುವದು ಭಟ್ಟಂಗಿತನ. ಕ್ಷೇಮೇಂದ್ರನು ಔಚಿತ್ಯವನ್ನೇ ಕಾವ್ಯದ ಜೀವವೆಂದವನು. ಅವನ ಒರೆಗಲ್ಲಿಗೆ ತಿಕ್ಕಿದರೆ ‘ಕಾಗಜ್ ಕೆ ಫೂಲ್’ನಲ್ಲಿಯೇ ಕೆಲವು ಕಡೆ ಬಣ್ಣ ಕೆಡುವದು. ಬೆಳಕಿನ ಕಂಬಗಳ ಮೋಹವು ಅಲ್ಲಿ ಒಂದೆರಡು ಸಲ ಮಿತಿಮೀರಿದೆ; ಸಾಧಾರಣ ಮಾತುಕತೆಯ ಸ್ಥಳದಲ್ಲಿಯೂ ಪ್ರೇಕ್ಷಕನ ಕಣ್ಣು ಪಾತ್ರವನ್ನು ಬಿಟ್ಟು ಬೆಳಕಿನ ಹಿಂದೆ ಹೋಗುವದು. ‘ಚೌದವೀ ಕಾ ಚಾಂದ್’ (1960) ಪಟದ ಶೀರ್ಷಿಕೆಗೀತೆಯನ್ನು ಆಮೇಲೆ ಬಣ್ಣದಲ್ಲಿ ಮತ್ತೆ ಹಿಡಿದರು. ಅದು ಸುಂದರ; ಆದರೆ ಅಲ್ಲಿ ಎಲ್ಲವೂ ವಾಚ್ಯ. 1964ರ ಅಕ್ಟೋಬರದಲ್ಲಿ ಗುರುದತ್ತರು ತೀರಿಹೋದರು. ಆ ಮೇಲೆ ಪ್ರಮೋದ ಚಕ್ರವರ್ತಿಯವರಿಗಾಗಿ ಮೂರ್ತಿಯವರು ಹಿಡಿದ ‘ಲವ್ ಇನ್ ಟೋಕಿಯೊ’ (1966), ‘ಜುಗ್ನು’ (1973) ಮೊದಲಾದ ಬಣ್ಣದ ಪಟಗಳಲ್ಲಿ ಕೈಚಳಕವಿದೆ, ನಿರ್ಮಲತೆಯಿದೆ, ಧ್ವನಿಯಿಲ್ಲ. ಇದರಿಂದ ಹಿರಿಯರ ವಾದಕ್ಕೆ ಪುಷ್ಟಿ ಬರುವದಲ್ಲವೆ, ಗುರುದತ್ತರಿಲ್ಲದೆ ಮೂರ್ತಿಯವರು ಏನೂ ಅಲ್ಲವೆಂದು? ನಾನು ಈ ಪ್ರಶ್ನೆಯನ್ನು ಬಹಳ ಹೊತ್ತು ತೂಗಿದೆನು. ಒಪ್ಪಬೇಕಾದ ಅಂಶವಿದೆ. ಛಾಯಾಗ್ರಾಹಕನು ಒಂಟಿ ಕವಿಯಲ್ಲ. ಹೇಳಬೇಕಾದುದನ್ನು ಬಲ್ಲ ನಿರ್ದೇಶಕನು ಅವನಿಗೆ ಬೇಕು. ಆದರೆ ಆ ನಿರ್ದೇಶಕನಿಗೂ ಇವನು ಬೇಕಾಗಿದ್ದನೆಂಬುದನ್ನು ಮರೆಯಬಾರದು. ಒಂದು ಕೈಯಿಂದ ಚಪ್ಪಾಳೆಯಾಗದು, ಎರಡು ಕೈಗಳಲ್ಲಿ ಯಾವದು ಹೆಚ್ಚು ಸದ್ದುಮಾಡಿತೆಂದು ಅಳೆಯಲೂ ಬಾರದು.

ಅಲ್ಲದೆ ಅವರ ಕಥೆಯು ಅಲ್ಲಿಗೆ ಮುಗಿಯಲಿಲ್ಲ. ಅದೇ ಬೆಂಗಳೂರಿನ ಪಾಲಿಟೆಕ್ನಿಕ್‌ನಲ್ಲಿ ಕಲಿತು, ಮುಂಬಯಿಯಲ್ಲಿ ಮೂರ್ತಿಯವರ ಸಹಾಯಕರಾಗಿದ್ದ ಗೋವಿಂದ ನಿಹಲಾನಿಯವರು ಮುಂದೆ ನಿರ್ದೇಶಕರಾಗಿ, ದೂರದರ್ಶನಕ್ಕಾಗಿ ‘ತಮಸ್’ ತೆಗೆದರು. ಅದನ್ನು ಹಿಡಿದವರು ಗುರುಶಿಷ್ಯರಿಬ್ಬರೂ ಕೂಡಿ. 1988ರಲ್ಲಿ ಅದು ಪ್ರಸಾರವಾದಾಗ ನಾನು ಇನ್ನೂ ಮೂವತ್ತು ತುಂಬದ ಮಾಸ್ತರನು. ಕೇಶ್ವಾಪುರದಲ್ಲಿ ಒಂದು ಖೋಲಿ ಬಾಡಿಗೆಗೆ ಹಿಡಿದಿದ್ದೆನು. ಓಣಿಯ ಜನವೆಲ್ಲ ಮನೆಯ ಒಡತಿಯ ಪಡಸಾಲೆಯಲ್ಲಿ ಟಿ.ವಿ.ಯ ಮುಂದೆ ಕೂಡುತ್ತಿದ್ದೆವು. ಭೀಷ್ಮ ಸಾಹನಿಯವರ ಆ ಕಥೆಯ ಆರಂಭದಲ್ಲಿ ನಾಥೂ ಎಂಬ ಚಮ್ಮಾರನು ರಾತ್ರಿಯಲ್ಲಿ ಒಂದು ಗುಡಿಸಲಿನೊಳಗೆ ಹಂದಿಯನ್ನು ಕೊಲ್ಲಲು ಹೆಣಗುವನು. ಮಂಕುಬೆಳಕು ಬಿಟ್ಟರೆ ಎಲ್ಲೆಲ್ಲಿಯೂ ಕಪ್ಪು. “ಏನೂ ಕಾಣವಲ್ಲದು, ಟಿ.ವಿ. ಕೆಟ್ಟಿತೇನು?” ಎಂದು ಯಾರೋ ಎದ್ದು ಗುಂಡಿ ತಿರುವಹೋದರು. ಒಡತಿಯು ಕೂತಲ್ಲಿಂದಲೇ, “ಅದನ್ನು ಮುಟ್ಟಬ್ಯಾಡ್ರಿ. ಮನೀ ದೀಪ ಆರಿಸ್ರಿ” ಎಂದಳು. ದೀಪವನ್ನು ಆರಿಸಿದೆವು. ಅರ್ಧ ಗಳಿಗೆಯಲ್ಲಿ ಪಡಸಾಲೆಯ ಕತ್ತಲೆಯೂ ಗುಡಿಸಲಿನ ಕತ್ತಲೆಯೂ ಒಂದಾದವು; ಯಾರೂ ಮಾತಾಡಲಿಲ್ಲ. ‘ತಮಸ್’ ಶಬ್ದದ ಅರ್ಥವನ್ನು ನಾನು ಹತ್ತು ವರುಷ ಮೊದಲೇ ಬಾಯಿಪಾಠ ಮಾಡಿದ್ದೆನು. ತಿಳಿದುದು ಆ ರಾತ್ರಿ. ಅಕ್ಷರಗಳಲ್ಲಿ ಹೆಸರು ಬಂದುಹೋದರೂ ಹಿಡಿದವರು ಯಾರೆಂದು ಆಗ ನಾನು ಲಕ್ಷಿಸಲಿಲ್ಲ.

ಈ ಸಂಗತಿಯ ಬೆಲೆಯನ್ನು ಇನ್ನೊಬ್ಬ ಜರ್ಮನ ಛಾಯಾಗ್ರಾಹಕರೊಡನೆ ಹೋಲಿಸಿದಾಗ ತಿಳಿಯಬಹುದು. ಬರ್ಲಿನ್ನಿನಲ್ಲಿ ಹೆಸರಾದ ಕಾರ್ಲ್ ಫ್ರಾಯಂಡ್ ಅವರು 1927ರ ‘ಮೆಟ್ರೊಪೊಲಿಸ್’ ಎಂಬ ಮೂಕಪಟವನ್ನು ಹಿಡಿದವರಲ್ಲಿ ಒಬ್ಬರು. ನೆರಳಿನ ವಿದ್ಯೆಯಲ್ಲಿ ಜಗತ್ತಿಗೇ ಗುರುವೆನಿಸಿದವರು. ಅಮೇರಿಕೆಗೆ ಹೋಗಿ 1951ರಲ್ಲಿ ‘ಐ ಲವ್ ಲೂಸಿ’ ಎಂಬ ದೂರದರ್ಶನದ ಹಾಸ್ಯಮಾಲಿಕೆಯನ್ನು ಕೈಕೊಂಡಾಗ, ಮೂರು ಕ್ಯಾಮರಾಗಳು ಒಮ್ಮೆಲೆ ಓಡುವದಕ್ಕೆ ಅನುಕೂಲವಾಗುವಂತೆ ರಂಗವನ್ನೆಲ್ಲ ಮೇಲಿನಿಂದ ಸಮನಾಗಿ ಬೆಳಗುವ ಪದ್ಧತಿಯನ್ನು ಕಂಡುಹಿಡಿದರು. ನೆರಳಿಗೆ ಅಲ್ಲಿ ಎಡೆಯಿಲ್ಲ. ಹಾಸ್ಯಕ್ಕೆ ಅದು ಉಚಿತವೇ. ಆ ಪದ್ಧತಿ ಲೋಕದಲ್ಲೆಲ್ಲ ಹಬ್ಬಿತು. ಇದನ್ನು ಬಲ್ಲವರು ಸಣ್ಣ ತೆರೆಯೆಂದರೆ ಬೆಳ್ಳನೆಯ ಬೆಳಕೆಂದೇ ನಿರ್ಣಯಿಸಿಬಿಟ್ಟಿದ್ದರು. ಅರವತ್ತೈದಕ್ಕೆ ಹತ್ತಿರವಾದ ಮೂರ್ತಿಯವರು ಅದೇ ಸಣ್ಣ ತೆರೆಗೆ ಕತ್ತಲೆಯನ್ನು ತಂದುದು ಸಾಧಾರಣ ಧೈರ್ಯವಲ್ಲ. ಅದೇ ಕಾಲಕ್ಕೆ ಅವರು ಶ್ಯಾಮ ಬೆನೆಗಲ್ಲರ ‘ಭಾರತ್ ಏಕ್ ಖೋಜ್’ ಎಂಬ 53 ಕಂತುಗಳ ಮಾಲಿಕೆಗೂ ಛಾಯಾಗ್ರಾಹಕರಾಗಿದ್ದರು. ಅದರ ವಿಷಯವನ್ನು ಬರೆದರೆ ಇನ್ನೊಂದು ಲೇಖನವಾದೀತು.

ಇನ್ನು ಉಳಿದುದು ನನ್ನ ದೂರು. ಅದು ನಮ್ಮೆಲ್ಲರ ಮೇಲೆಯೂ ಇದೆ, ನನ್ನನ್ನೂ ಹಿಡಿದು. ಛಾಯಾಗ್ರಹಣವನ್ನು ವಿದ್ಯೆಯೆಂದು ಕಲಿಸುವ ಸಂಸ್ಥೆಯನ್ನು ಸ್ವಾತಂತ್ರ್ಯಕ್ಕಿಂತ ಮೊದಲೇ ಕಟ್ಟಿದ ನಾಡು ನಮ್ಮದು. ಅಲ್ಲಿ ಕಲಿತು ಹೊರಟ ಈ ಕನ್ನಡಿಗನು ಕನ್ನಡಕ್ಕಾಗಿ ಕ್ಯಾಮರಾ ಹಿಡಿದುದು ಒಂದೇ ಒಂದು ಸಲ: 1993ರಲ್ಲಿ, ಎಸ್. ವಿ. ರಾಜೇಂದ್ರಸಿಂಗ್ ಬಾಬು ಅವರು ತ್ರಿವೇಣಿಯವರ ಕಾದಂಬರಿಯಿಂದ ತೆಗೆದ ‘ಹೂವು ಹಣ್ಣು’. ಆಗ ಅವರಿಗೆ ಎಪ್ಪತ್ತು ವರುಷ. ನಮ್ಮಲ್ಲಿ ಕಥೆಗಳಿಗೆ ಬರವಿತ್ತೆ? ನಿರ್ದೇಶಕರಿಗೆ ಬರವಿತ್ತೆ? ಸಂಸ್ಕಾರವುಳ್ಳ ಕನ್ನಡ ಪಟಗಳು ಎಪ್ಪತ್ತರ ದಶಕದಲ್ಲಿ ಸಾಲಾಗಿ ಬರುತ್ತಿದ್ದವು. ಅದೇ ವರುಷಗಳಲ್ಲಿ ಅವರು ಮುಂಬಯಿಯಲ್ಲಿ ನಾಯಕರ ಬಣ್ಣದ ಅಂಗಿಗಳನ್ನು ಬೆಳಗುತ್ತಿದ್ದರು. ಕೇಂದ್ರಸರಕಾರವು 1969ರಿಂದ ಕೊಡುತ್ತ ಬಂದ ದಾದಾಸಾಹೇಬ ಫಾಲ್ಕೆ ಪ್ರಶಸ್ತಿಯು ನಟರಿಗೆ, ನಿರ್ದೇಶಕರಿಗೆ, ಗಾಯಕರಿಗೆಲ್ಲ ಸಂದ ಮೇಲೆ 2008ನೆಯ ಸಾಲಿನದು ಮೂರ್ತಿಯವರಿಗೆ ಬಂದಿತು. ಛಾಯಾಗ್ರಾಹಕರಲ್ಲಿ ಅದನ್ನು ಮೊದಲು ಪಡೆದವರು ಅವರೇ. 2014ರ ಏಪ್ರಿಲ್ 7ರಂದು ಅವರು ಬೆಂಗಳೂರಿನಲ್ಲಿ ತೀರಿಕೊಂಡರು.

ಮುಂದಿನ ಬೈಠಕಿನಲ್ಲಿ ‘ಸಾಹಿಬ್ ಬೀಬಿ ಔರ್ ಗುಲಾಮ್’ ತೋರಿಸಬೇಕೆಂದು ಕಾರ್ಯದರ್ಶಿಗಳಿಗೆ ಬರೆದಿರುವೆನು. ಅರಿವೆಯನ್ನು ಎರಡೂ ಬದಿಗೆ ಬಿಗಿಯಾಗಿ ಕಟ್ಟಿಸಬೇಕು, ಚಹಾದ ಖೋಲಿಯ ದೀಪವನ್ನು ಆರಿಸಬೇಕು. ಹಿರಿಯರಿಗೆ ನನ್ನ ಪಕ್ಕದಲ್ಲಿಯೇ ಕುರ್ಚಿಯನ್ನಿಡುವೆನು.